ಅಚ್ಚಿನವರು: ನನ್ನ ಕಥೆಯ ಮಠಕ್ಕೆ ಕೆಲಸ ಕಲಿಸಿದ ಕಲ್ಲು

ಎರಡು ವರ್ಷದಿಂದ ಒಂದು ಕಥೆ ಬರೆಯುತ್ತಿದ್ದೇನೆ. ಅದರಲ್ಲಿ ಒಂದು ಮಠ ಬರುತ್ತದೆ. ದೇವರ ಮಠವಲ್ಲ, ಜಾತಿಯ ಮಠವೂ ಅಲ್ಲ. ಕಳೆದುಹೋದ ಕಾಲಗಳ ಗುರುತು ಹುಡುಕುವವರ ಮಠ. ಒಂದು ಊರಿನಲ್ಲಿ ನಡೆದದ್ದು ಯಾರ ನೆನಪಿನಲ್ಲೂ ಇಲ್ಲದಂತೆ ಅಳಿಸಿಹೋದರೆ ಇವರು ಅಲ್ಲಿಗೆ ಹೋಗುತ್ತಾರೆ, ಉಳಿದ ಚೂರುಪಾರುಗಳನ್ನು ಎತ್ತಿ ತರುತ್ತಾರೆ. ಮಠಕ್ಕೆ ಹೆಸರು ಇಟ್ಟಿರಲಿಲ್ಲ. ಅದು ಕೊನೆಗೆ ಸಿಕ್ಕಿದ್ದು.

ಮೊದಲು ಬರೆದಾಗ ಮಠದವರಿಗೆ ಒಂದು ಶಕ್ತಿ ಕೊಟ್ಟಿದ್ದೆ. ಕಲ್ಲಿನ ಮೇಲೆ ಅಂಗೈ ಇಟ್ಟು ಕಣ್ಣು ಮುಚ್ಚಿದರೆ ಹಿಂದೆ ನಡೆದದ್ದೆಲ್ಲ ಕಾಣುತ್ತದೆ. ಯುದ್ಧ, ಕೂಗು, ಹೊಗೆ, ಎಲ್ಲವೂ. ನಲವತ್ತು ಪುಟ ಆದಮೇಲೆ ಗೆಳತಿಗೆ ಓದಲು ಕೊಟ್ಟೆ. ಅವಳು ಓದಿ ಒಂದೇ ಮಾತು ಕೇಳಿದಳು: "ಎಲ್ಲಾ ಚೆನ್ನಾಗಿದೆ ಕಣೇ. ಆದ್ರೆ ಇವರಿಗೆ ಕೆಲಸ ಏನು? ಕೈ ಇಟ್ರೆ ಎಲ್ಲಾ ಕಾಣ್ಸುತ್ತೆ ಅಂದ್ರೆ ಮಠ ಯಾಕೆ, ಗುರು ಯಾಕೆ, ಹತ್ತು ವರ್ಷ ಕಲಿಯೋದು ಯಾಕೆ?"

ಆ ರಾತ್ರಿ ನಿದ್ದೆ ಬರಲಿಲ್ಲ. ಅವಳು ಹೇಳಿದ್ದು ಸರಿ ಇತ್ತು. ಕಳೆದುಹೋದ ಕಾಲ ಅಷ್ಟು ಸುಲಭಕ್ಕೆ ಸಿಗುವುದಾದರೆ ಅದು ಕಳೆದುಹೋಗಿದೆ ಅನ್ನುವುದಕ್ಕೇ ಅರ್ಥ ಇಲ್ಲ, ಅಲ್ವಾ? ಆಗ ನೆನಪಾದವರು ನಮ್ಮ ಅಜ್ಜಿಯ ಊರಿನ ಮಾಸ್ತರು. ಹಾನಗಲ್ ಸೀಮೆಯ ಊರು ಅದು. ಹೈಸ್ಕೂಲಿನಲ್ಲಿ ಕನ್ನಡ ಕಲಿಸಿ ನಿವೃತ್ತರಾದವರು. ರಜೆ ಸಿಕ್ಕಾಗಲೆಲ್ಲ ಸೈಕಲ್ ಹತ್ತಿ ಊರೂರು ಸುತ್ತಿ ಶಾಸನಗಳ ಪಡಿಯಚ್ಚು, ಅಂದರೆ ಕಲ್ಲಿನ ಅಕ್ಷರಗಳ ಕಾಗದದ ನಕಲು, ತೆಗೆಯುತ್ತಿದ್ದರು. ಅವರನ್ನು ನಾನು ಚಿಕ್ಕವಳಿದ್ದಾಗ ನೋಡಿದ್ದೆ. ಕೈ ಯಾವಾಗಲೂ ಕಪ್ಪು. ನಮಗೆ ಅವರು 'ಮಸಿ ಮಾಸ್ತರು'.

ಫೋನ್ ಮಾಡಿದೆ. "ಮಾಸ್ತರ್ರೇ, ನನಗ ಶಾಸನ ಓದೋದು ಕಲಿಸ್ರಿ" ಅಂದೆ.

"ಓದೋದು ಆಮ್ಯಾಲ ತಂಗೀ. ಮೊದಲು ಕಲ್ಲು ತೊಳಿಯಾಕ ಬಾ. ದೀಪಾವಳಿ ಮುಗದಮ್ಯಾಲ ಬಾ. ಮಳಿಗಾಲದಾಗ ಕಾಗದ ಒಣಗೂದಿಲ್ಲ."

ಊರ ಹೊರಗೆ ಹನುಮಪ್ಪನ ಗುಡಿ ಇದೆ. ಅದರ ಪಕ್ಕ ಬೇವಿನ ಮರದ ಬುಡದಲ್ಲಿ ಒಂದು ವೀರಗಲ್ಲು. ಚಿಕ್ಕಂದಿನಲ್ಲಿ ಅದಕ್ಕೆ ಒರಗಿ ಕೂತು ಕಬ್ಬು ತಿಂದಿದ್ದೇವೆ. ಅದರ ಮೇಲೆ ಅಕ್ಷರ ಇವೆ ಅಂತ ನನಗೆ ಗೊತ್ತೇ ಇರಲಿಲ್ಲ. ವೀರಗಲ್ಲು ನೋಡಿದವರಿಗೆ ಅದರ ಅಂಕಣಗಳು ಗೊತ್ತಿರುತ್ತವೆ. ಕೆಳಗೆ ಕಾಳಗ. ನಡುವೆ ಸತ್ತ ವೀರನನ್ನು ಅಪ್ಸರೆಯರು ಮೇಲಕ್ಕೆ ಒಯ್ಯುತ್ತಿರುತ್ತಾರೆ. ಮೇಲೆ ಅವನು ಲಿಂಗದ ಮುಂದೆ ಕೈ ಮುಗಿದು ಕೂತಿರುತ್ತಾನೆ. ಈ ಅಂಕಣಗಳ ನಡುವೆ ಪಟ್ಟಿಯ ಹಾಗೆ ಜಾಗ ಬಿಟ್ಟಿರುತ್ತಾರೆ. ಅಕ್ಷರ ಇರುವುದು ಅಲ್ಲಿ.

ಬೆಳಿಗ್ಗೆ ಆರೂವರೆಗೆ ಹೋದೆವು. ಗಾಳಿ ಏಳುವ ಮೊದಲೇ ಕೆಲಸ ಹಿಡಿಯಬೇಕು. ಮೊದಲ ತೊಂದರೆ ಎಣ್ಣೆ. ಊರವರು ಕಲ್ಲಿಗೆ ಪೂಜೆ ಮಾಡುತ್ತಾರೆ. ಎಣ್ಣೆ, ಕುಂಕುಮ, ಅರಿಶಿನ ಸೇರಿ ಅಕ್ಷರಗಳ ಒಳಗೆ ಗಟ್ಟಿಯಾಗಿ ಕೂತಿತ್ತು. ಪೂಜಾರರ ಅಪ್ಪಣೆ ಕೇಳಿದೆವು. ಅವರೇ ಒಂದು ಕೊಡ ನೀರು ತಂದುಕೊಟ್ಟರು. ಇನ್ನೊಬ್ಬರು ಬಂದು ತುಂಬಾ ಹೊತ್ತು ನಿಂತು ನೋಡಿ, "ನಿಧಿ ಐತೇನ್ರಿ ಕೆಳಗ?" ಅಂತ ಕೇಳಿದರು. ಮಾಸ್ತರು ಕೆಲಸ ನಿಲ್ಲಿಸಿ ಅವರನ್ನು ಹತ್ತಿರ ಕರೆದು ಕೂರಿಸಿಕೊಂಡು ಎಲ್ಲವನ್ನೂ ವಿವರಿಸಿದರು. ಹೊತ್ತು ಹೋಗುತ್ತಿದೆ ಅಂತ ನನಗೆ ಚಡಪಡಿಕೆ. ಮಾಸ್ತರು ಆಮೇಲೆ ಹೇಳಿದರು: "ನಿಧಿ ಆಸೆಗೆ ಎಷ್ಟು ಕಲ್ಲು ಒಡದಾರ ಗೊತ್ತೈತೇನು? ಇವತ್ತು ಆ ಮನಷ್ಯಾಗ ತಿಳೀತು ಅಂದ್ರ ನಾಳೆ ಈ ಕಲ್ಲು ಕಾಯಾವ ಅವನ." ಈ ಮಾತು ಅವತ್ತೇ ನನ್ನ ಕಥೆಯ ಪುಸ್ತಕಕ್ಕೆ ಹೋಯಿತು. ಮಠದವರು ಕಲ್ಲಿಗಿಂತ ಮೊದಲು ಊರವರ ಜೊತೆ ಕೂರುತ್ತಾರೆ.

ತೊಳೆಯುವುದಕ್ಕೆ ತೆಂಗಿನ ನಾರು, ನೀರು, ತಾಳ್ಮೆ. ತಂತಿ ಬ್ರಷ್ ಮುಟ್ಟಬಾರದು. ಹಿಂದೆ ಯಾರೋ ಅಕ್ಷರ ಚೆನ್ನಾಗಿ ಕಾಣಲಿ ಅಂತ ಬಿಳಿ ಪೇಂಟ್ ತುಂಬಿದ್ದರು. ಪೇಂಟ್ ತುಂಬಿದವರು ತಮಗೆ ಕಂಡಂತೆ ಅಕ್ಷರ ತಿದ್ದಿಬಿಟ್ಟಿದ್ದರು. ಎರಡು ಕಡೆ ಗೆರೆ ತಪ್ಪು ದಾರಿಗೆ ಹೋಗಿತ್ತು. ಕಲ್ಲಿನಲ್ಲಿ ಇರುವುದು ಒಂದು, ಪೇಂಟ್ ಹೇಳುವುದು ಇನ್ನೊಂದು. ಒಳ್ಳೆಯ ಮನಸ್ಸಿನಿಂದಲೇ ಮಾಡಿರುತ್ತಾರೆ. ಆದರೆ ಆ ಎರಡು ಅಕ್ಷರದ ಪೇಂಟ್ ತೆಗೆಯಲು ನಮಗೆ ಒಂದು ಗಂಟೆ ಹಿಡಿಯಿತು.

ಕಲ್ಲು ತೊಳೆದಾದ ಮೇಲೆ ಕಾಗದ. ನೀರಿನಲ್ಲಿ ನೆನೆದರೂ ಗಟ್ಟಿಯಾಗಿ ನಿಲ್ಲುವ, ಆದರೆ ತೆಳುವಾದ ಕಾಗದ ಬೇಕು. ಅದನ್ನು ಒದ್ದೆ ಮಾಡಿ ಕಲ್ಲಿನ ಮೇಲೆ ಹಾಸಬೇಕು. ಹಾಸುವಾಗ ನಡುವಿನಿಂದ ಅಂಚಿಗೆ ಒತ್ತುತ್ತಾ ಹೋಗಬೇಕು, ಇಲ್ಲದಿದ್ದರೆ ಒಳಗೆ ಗಾಳಿ ಉಳಿಯುತ್ತದೆ. ಆಮೇಲೆ ಬಿರುಸು ಕೂದಲಿನ ಬ್ರಷ್ ಹಿಡಿದು ಕಾಗದವನ್ನು ಬಡಿಯಬೇಕು. ಉಜ್ಜುವುದಲ್ಲ, ನೇರವಾಗಿ ಬಡಿಯುವುದು. ಟಪ್ ಟಪ್ ಟಪ್ ಅಂತ. ಹಾಗೆ ಬಡಿದಾಗ ಒದ್ದೆ ಕಾಗದ ಅಕ್ಷರದ ಕುಳಿಯೊಳಗೆ ಇಳಿದು ಕೂರುತ್ತದೆ. ಉಬ್ಬು ಎಲ್ಲಿ, ತಗ್ಗು ಎಲ್ಲಿ ಅಂತ ಕಾಗದ ಕಲಿಯುತ್ತದೆ.

ನನ್ನ ಮೊದಲ ಕಾಗದ ಹರಿಯಿತು. ಆಳವಾಗಿ ಕೆತ್ತಿದ ಅಕ್ಷರದ ಹತ್ತಿರ ಜೋರಾಗಿ ಬಡಿದುಬಿಟ್ಟೆ. ಮಾಸ್ತರು ಬಯ್ಯಲಿಲ್ಲ. ಅದೇ ಕಾಗದದ ಸಣ್ಣ ಚೂರು ಹರಿದು, ಒದ್ದೆ ಮಾಡಿ, ಹರಿದ ಜಾಗದ ಮೇಲಿಟ್ಟು ಮೆತ್ತಗೆ ಬಡಿದರು. ತೇಪೆ ಕೂತಿತು. ಅವರ ಬೆರಳುಗಳು ಆ ಕೆಲಸ ಮಾಡುವುದನ್ನು ನೋಡುತ್ತಾ ನಾನು ಕಥೆಯನ್ನೇ ಮರೆತೆ.

ಇನ್ನು ಕಾಯಬೇಕು. ಕಾಗದ ಪೂರ್ತಿ ಒದ್ದೆ ಇರುವಾಗ ಮಸಿ ಹಚ್ಚಿದರೆ ಮಸಿ ಒಸರಿ ಕಲ್ಲಿಗೆ ಇಳಿದು ಕಲೆ ಮಾಡುತ್ತದೆ. ಪೂರ್ತಿ ಒಣಗಲು ಬಿಟ್ಟರೆ ಕಾಗದ ಎದ್ದುಬಿಡುತ್ತದೆ. ನಡುವೆ ಒಂದು ಹದ ಇದೆ. ಅಂಗೈಯ ಹಿಂಭಾಗ ಮುಟ್ಟಿಸಿದರೆ ತಣ್ಣಗೆ ಅನಿಸಬೇಕು, ಆದರೆ ಕೈ ಒದ್ದೆ ಆಗಬಾರದು. ರೊಟ್ಟಿ ಹಿಟ್ಟಿನ ಹದ ಗೊತ್ತಾಗುವ ಹಾಗೆ ಇದೂ ಕೈಗೇ ಗೊತ್ತಾಗಬೇಕು.

ಮಸಿ ಅಂದರೆ ದೀಪದ ಕಾಡಿಗೆಯನ್ನು ಗೋಂದಿನ ನೀರಿನಲ್ಲಿ ಕಲಸಿದ್ದು. ಹತ್ತಿಯನ್ನು ಬಟ್ಟೆಯಲ್ಲಿ ಕಟ್ಟಿ ಒಂದು ಗುಂಡು ಮಾಡಿಕೊಂಡಿರುತ್ತಾರೆ. ಅದಕ್ಕೆ ಮಸಿ ತಾಗಿಸಿ, ಮೊದಲು ಒಂದು ಹಲಗೆಯ ಮೇಲೆ ಒತ್ತಿ ಹೆಚ್ಚಿನ ಮಸಿ ತೆಗೆದು, ಆಮೇಲೆ ಕಾಗದದ ಮೇಲೆ ಹಗುರವಾಗಿ ತಟ್ಟುತ್ತಾ ಹೋಗಬೇಕು. ಉಬ್ಬಿದ ಜಾಗಕ್ಕೆ ಮಸಿ ಹತ್ತುತ್ತದೆ. ಅಕ್ಷರದ ಕುಳಿಗೆ ಇಳಿದ ಕಾಗದಕ್ಕೆ ಮಸಿ ಮುಟ್ಟುವುದಿಲ್ಲ. ಹಾಗಾಗಿ ಕಪ್ಪಿನ ನಡುವೆ ಬಿಳಿಯಾಗಿ ಅಕ್ಷರ ಏಳುತ್ತದೆ.

ಏಳುತ್ತದೆ ಅನ್ನುವುದೇ ಸರಿಯಾದ ಮಾತು. ಬರಿಗಣ್ಣಿಗೆ ಸುಮ್ನೆ ಒರಟು ಕಲ್ಲಿನಂತೆ ಕಾಣುತ್ತಿದ್ದ ಜಾಗದಲ್ಲಿ ಮೊದಲು ಒಂದು 'ದ' ಕಂಡಿತು. ಆಮೇಲೆ ಅದರ ಪಕ್ಕ ಇನ್ನೊಂದು. ಎಂಟುನೂರು ಚಿಲ್ಲರೆ ವರ್ಷ ಮಳೆಗೆ ನೆಂದ ಸಾಲು ನನ್ನ ಕಣ್ಣ ಮುಂದೆ, ನನ್ನ ಕೈಯ ಕೆಳಗೆ ತೆರೆದುಕೊಳ್ಳುತ್ತಿತ್ತು. ಕಣ್ಣಲ್ಲಿ ನೀರು ಬಂತು. ಅಂಗೈ ಇಟ್ಟ ಕೂಡಲೇ ಎಲ್ಲ ಕಾಣುವ ನನ್ನ ಹಳೆಯ ಮಠಕ್ಕೆ ಈ ಗಳಿಗೆ ಸಿಗುತ್ತಲೇ ಇರಲಿಲ್ಲ.

ಕಾಗದ ಬಿಡಿಸಿ ತೆಗೆದ ಮೇಲೆ ಹಿಂದೆ ಬರೆಯಬೇಕಾದದ್ದು ಕೆಲವು ಇವೆ. ಊರು, ಜಾಗ, ಕಲ್ಲು ಯಾವ ದಿಕ್ಕಿಗೆ ಮುಖ ಮಾಡಿದೆ, ಎಷ್ಟು ಸಾಲು, ಯಾವತ್ತು ತೆಗೆದದ್ದು. ಇದು ಬೇಸರದ ಕೆಲಸ ಅನಿಸಿತ್ತು ನನಗೆ. ಮಾಸ್ತರ ಮನೆಯಲ್ಲಿ ಟ್ರಂಕು ತೆರೆದಾಗ ಯಾಕೆ ಅಂತ ತಿಳಿಯಿತು. ಅದರಲ್ಲಿ ಸುರುಳಿ ಸುರುಳಿ ಅಚ್ಚುಗಳು. ಒಂದನ್ನು ಬಿಚ್ಚಿ, "ಈ ಕಲ್ಲು ಈಗ ಇಲ್ಲ" ಅಂದರು. ಇನ್ನೊಂದು ಬಿಚ್ಚಿ, "ಇದೂ ಇಲ್ಲ. ಮೋರಿಗೆ ಹಾಕ್ಯಾರ." ಕಲ್ಲು ಹೋಯಿತು, ಕಾಗದ ಉಳಿಯಿತು. ಕಾಗದದ ಹಿಂದೆ ಊರಿನ ಹೆಸರು ಬರೆಯದೆ ಹೋಗಿದ್ದರೆ ಆ ಸಾಲುಗಳು ಯಾವ ಊರಿನ ಮಾತು ಅಂತಲೂ ಗೊತ್ತಾಗುತ್ತಿರಲಿಲ್ಲ.

ಇದೇ ಕೆಲಸ ದೊಡ್ಡ ಮಟ್ಟದಲ್ಲಿ ನಮ್ಮ ನಾಡಿನಲ್ಲಿ ನಡೆದಿದೆ. ಬೆಂಗಳೂರಿನಲ್ಲೇ ಹುಟ್ಟಿದ ಬಿ.ಎಲ್. ರೈಸ್ ಹಳೆಯ ಮೈಸೂರು ಸಂಸ್ಥಾನ ಮತ್ತು ಕೊಡಗಿನ ಶಾಸನಗಳನ್ನು ಎಪಿಗ್ರಾಫಿಯಾ ಕರ್ನಾಟಿಕಾದ 12 ಸಂಪುಟಗಳಲ್ಲಿ ಅಚ್ಚು ಹಾಕಿಸಿದರು. ಮೊದಲನೆಯದು ಬಂದದ್ದು 1886ರಲ್ಲಿ. ಒಟ್ಟು 8,869 ಶಾಸನ. ಅವರ ನಂತರ ಆರ್. ನರಸಿಂಹಾಚಾರ್ ಬಂದರು. 1936ರಲ್ಲಿ ಎಂ.ಎಚ್. ಕೃಷ್ಣ ಅವರು ಹಲ್ಮಿಡಿ ಶಾಸನವನ್ನು ಬೆಳಕಿಗೆ ತಂದರು. ಆದರೆ ಮಾಸ್ತರಿಗೆ ರೈಸ್ ಅವರ ಬಗ್ಗೆ ಒಂದು ಕೊರಗು ಇದೆ. "ಪಕ್ಕದ ಸೊರಬ ತಾಲ್ಲೂಕಿನ ಕಲ್ಲೆಲ್ಲಾ ರೈಸ್ ಸಾಹೇಬ್ರ ಪುಸ್ತಕದಾಗ ಅದಾವ. ನಮ್ಮವು ಇಲ್ಲ." ಯಾಕೆಂದರೆ ಸೊರಬ ಮೈಸೂರಿಗೆ ಸೇರಿತ್ತು, ಹಾನಗಲ್ ಮುಂಬಯಿ ಪ್ರಾಂತಕ್ಕೆ. ನಮ್ಮ ಕಡೆಯ ಶಾಸನಗಳು ಆಮೇಲೆ ಬೇರೆ ಸಂಪುಟಗಳಲ್ಲಿ ಬಂದವು. ಒಂದೇ ಬನವಾಸಿ ಸೀಮೆಯ ಚರಿತ್ರೆ ಆಡಳಿತದ ಒಂದು ಗೆರೆಯಿಂದ ಎರಡು ಕಪಾಟಿನಲ್ಲಿ ಕೂತಿದೆ. ನನ್ನ ಕಥೆಯಲ್ಲಿ ಎರಡು ರಾಜ್ಯಗಳ ಗಡಿಯಲ್ಲಿ ಮಠ ಇರುವುದು ಈ ಮಾತಿನಿಂದ.

ಭಾರತೀಯ ಪುರಾತತ್ವ ಇಲಾಖೆಯ ಶಾಸನಗಳ ಕೇಂದ್ರ ಕಚೇರಿ ಹಿಂದೆ ಊಟಿಯಲ್ಲಿತ್ತು, 1966ರಲ್ಲಿ ಮೈಸೂರಿಗೆ ಬಂತು. ಅಲ್ಲಿ ಸಾವಿರಾರು ಪಡಿಯಚ್ಚುಗಳಿವೆ. ಈಗ ಬೆಂಗಳೂರಿನ ಮಿಥಿಕ್ ಸೊಸೈಟಿಯವರು ಕಲ್ಲುಗಳನ್ನು ತ್ರೀಡಿ ಸ್ಕ್ಯಾನ್ ಮಾಡುತ್ತಿದ್ದಾರೆ. ಕಾಗದ ಬೇಡ, ಮಸಿ ಬೇಡ, ಕಲ್ಲು ಮುಟ್ಟುವುದೂ ಬೇಡ. ಕಲ್ಲಿಗೆ ಅದೇ ಒಳ್ಳೆಯದು ಅಂತ ಮಾಸ್ತರೇ ಒಪ್ಪುತ್ತಾರೆ. ಆದರೂ ನನ್ನ ಕಥೆಯವರು ಕಾಗದ ಬಡಿಯುವವರೇ. ಆ ಟಪ್ ಟಪ್ ಸದ್ದು ನನಗೆ ಬೇಕು.

ಮರುದಿನ ಓದಲು ಕೂತೆವು. ಕಾಗದದಲ್ಲಿ ಸಂಶಯ ಬಂದ ಕಡೆ ಮತ್ತೆ ಕಲ್ಲಿನ ಹತ್ತಿರ ಹೋಗುತ್ತಿದ್ದೆವು. ಮಾಸ್ತರು ಒಂದು ಕನ್ನಡಿ ಹಿಡಿದು ಬಿಸಿಲನ್ನು ಕಲ್ಲಿನ ಪಕ್ಕದಿಂದ ಓರೆಯಾಗಿ ಬೀಳಿಸಿದರು. ನೇರ ಬಿಸಿಲಿನಲ್ಲಿ ಕಾಣದ ಗೆರೆ ಓರೆ ಬೆಳಕಿನಲ್ಲಿ ನೆರಳು ಬಿಟ್ಟು ಕಾಣುತ್ತದೆ. ರಾತ್ರಿ ಟಾರ್ಚ್ ಹಿಡಿದರೂ ಹೀಗೇ.

ತುರುಗಾಳಗದ ಕಲ್ಲು ಅದು. ದನ ಹೊಡೆದುಕೊಂಡು ಹೋದವರ ಬೆನ್ನು ಹತ್ತಿ, ದನ ತಿರುಗಿಸಿ ತಂದು, ಸತ್ತವನ ಕಲ್ಲು. 'ತುಱುವಂ ಮಗುೞ್ಚಿ' ಅನ್ನುವ ಮಾತು ಇಂಥ ಕಲ್ಲುಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಆ ಎರಡು ಅಕ್ಷರ ನೋಡಿ: ಱ, ೞ. ನಾವು ಈಗ ಬಳಸುವುದಿಲ್ಲ. ೞ ಅಂತೂ ಹಳೆಯ ಶಾಸನಗಳಲ್ಲಿ ಸರಿಯಾದ ಜಾಗದಲ್ಲಿ ಇರುತ್ತದೆ, ಬರಬರುತ್ತಾ ಅದರ ಬದಲು ಳ, ರ ಬರಲು ಶುರುವಾಗುತ್ತದೆ. ಬಾಯಿಂದ ಹೋದ ಅಕ್ಷರ ಕೈಯಿಂದ ಹೋಗುವುದಕ್ಕೆ ಇನ್ನಷ್ಟು ಕಾಲ ಹಿಡಿಯುತ್ತದೆ. ಓದುವವರು ಈ ತಪ್ಪುಗಳನ್ನು ಪ್ರೀತಿಯಿಂದ ನೋಡುತ್ತಾರೆ. ಕಾಲ ಗೊತ್ತಾಗುವುದು ತಪ್ಪಿನಿಂದ.

ವೀರನ ಹೆಸರು ಇರಬೇಕಾದ ಜಾಗದಲ್ಲಿ ಕಲ್ಲು ಸಿಡಿದಿತ್ತು. ಮೂರು ಅಕ್ಷರ ಹೋಗಿದೆ, ಕೊನೆಯಲ್ಲಿ ಒಂದು 'ಯ' ಮಾತ್ರ ಉಳಿದಿದೆ. ನಾನು ಮೂರು ನಾಲ್ಕು ಹೆಸರು ಹೊಂದಿಸಿ ನೋಡಿದೆ. ಒಂದು ಎಷ್ಟು ಚೆನ್ನಾಗಿ ಕೂರುತ್ತಿತ್ತು ಅಂದರೆ, ಅದೇ ಇರಬೇಕು ಅನಿಸಿತು. ಆ ಹೊತ್ತಿಗೆ ಊರಿನ ಹಿರಿಯರೊಬ್ಬರು ಬಂದು, ಆ ವೀರ ತಮ್ಮ ಮನೆತನದವನು ಅಂತ ಹೇಳಿ ಹೆಸರನ್ನೂ ಹೇಳಿದರು. ಅಜ್ಜನ ಅಜ್ಜನಿಂದ ಬಂದ ಮಾತಂತೆ. ಅವರ ಹೆಸರು ಬೇರೆ, ನನ್ನದು ಬೇರೆ.

ಮಾಸ್ತರು ಎರಡನ್ನೂ ಬರೆಯಲಿಲ್ಲ. ಸಾಲಿನಲ್ಲಿ ಮೂರು ಚುಕ್ಕಿ ಇಟ್ಟರು. ಮೂರು ಅಕ್ಷರಕ್ಕೆ ಮೂರು ಚುಕ್ಕಿ. ಹಿರಿಯರು ಹೇಳಿದ ಹೆಸರನ್ನು ಬೇರೆ ಹಾಳೆಯಲ್ಲಿ, 'ಊರವರು ಹೇಳುವುದು' ಅಂತ ಬರೆದು, ಹೇಳಿದ ದಿನವನ್ನೂ ಹಾಕಿದರು.

ನನಗೆ ಬೇಜಾರಾಯಿತು. "ಬ್ರಾಕೆಟ್ ಹಾಕಿ ಬರೀಬಹುದಲ್ರಿ?" ಅಂದೆ. ಶಾಸನ ಅಚ್ಚು ಹಾಕುವಾಗ ಸವೆದ ಅಕ್ಷರವನ್ನು ಚೌಕ ಕಂಸದಲ್ಲಿ ಕೊಡುವ ಪದ್ಧತಿ ಇದೆ.

"ಬ್ರಾಕೆಟ್ಟು ಎಲ್ಲಿ ಹಾಕ್ತಾರ ಹೇಳ್ತೀನಿ ಬಾ" ಅಂದರು. ದಾನಶಾಸನಗಳ ಕೊನೆಯಲ್ಲಿ ಶಾಪದ ಸಾಲು ಇರುತ್ತದೆ. ತಾನು ಕೊಟ್ಟದ್ದಾಗಲಿ ಬೇರೆಯವರು ಕೊಟ್ಟದ್ದಾಗಲಿ, ಭೂಮಿಯನ್ನು ಕಿತ್ತುಕೊಂಡವನು ಅರವತ್ತು ಸಾವಿರ ವರ್ಷ ಹೇಲಿನ ಹುಳುವಾಗಿ ಹುಟ್ಟುತ್ತಾನೆ ಅನ್ನುವ ಶ್ಲೋಕ. 'ಸ್ವದತ್ತಾಂ ಪರದತ್ತಾಂ ವಾ' ಅಂತ ಶುರುವಾಗುತ್ತದೆ. ಅದು ನೂರಾರು ಕಲ್ಲಿನಲ್ಲಿ ಅದೇ ಮಾತಿನಲ್ಲಿ ಇದೆ. ಅಲ್ಲಿ ನಾಲ್ಕು ಅಕ್ಷರ ಹೋದರೆ ತುಂಬಬಹುದು, ಯಾಕೆಂದರೆ ಬೇರೆ ಕಲ್ಲುಗಳು ಸಾಕ್ಷಿ ಹೇಳುತ್ತವೆ. "ಶಾಪ ಎಲ್ಲಾರದೂ ಒಂದ. ಹೆಸರು ಅವನೊಬ್ಬನದ. ಅದನ್ನ ನಾವು ತುಂಬಿದ್ರ ಅವ ಇನ್ನೊಮ್ಮೆ ಸಾಯ್ತಾನ."

ನಾನು ಆ ಮಾತಿನ ಮುಂದೆ ತುಂಬಾ ಹೊತ್ತು ಕೂತಿದ್ದೆ. ಮಠದ ಮೊದಲ ನಿಯಮ ಅಲ್ಲೇ ಸಿಕ್ಕಿತು. ಕಳೆದದ್ದನ್ನು ತರುವುದು ಅವರ ಕೆಲಸ. ಎಷ್ಟು ಕಳೆದಿದೆ ಅಂತ ಎಣಿಸಿ ಬರೆಯುವುದೂ ಅಷ್ಟೇ ದೊಡ್ಡ ಕೆಲಸ.

ಮೂರನೇ ದಿನ ಕಾಲದ ಲೆಕ್ಕ. ಇದು ನನಗೆ ಎಲ್ಲಕ್ಕಿಂತ ಹೆಚ್ಚು ಬೇಕಾಗಿತ್ತು, ಯಾಕೆಂದರೆ ನನ್ನ ಕಥೆ ಕಾಲಗಳದ್ದು. ನಮ್ಮ ಕಲ್ಲುಗಳಲ್ಲಿ ಎಷ್ಟೊಂದು ಕಾಲಗಳು ಹರಿಯುತ್ತವೆ ಅಂತ ಅವತ್ತು ತಿಳಿಯಿತು.

ಶಕವರ್ಷಕ್ಕೆ 78 ಸೇರಿಸಿದರೆ ಸಾಮಾನ್ಯವಾಗಿ ಕ್ರಿಸ್ತಶಕ ಬರುತ್ತದೆ. ಬಾದಾಮಿಯ ಬಂಡೆಯಲ್ಲಿ ಒಂದನೆಯ ಪುಲಕೇಶಿ ಶಕ 465 ಅಂತ ಕೆತ್ತಿಸಿದ್ದಾನೆ, ಅಂದರೆ 543. ಐಹೊಳೆಯ ಮೇಗುತಿ ಗುಡಿಯ ಶಾಸನದಲ್ಲಿ ಕವಿ ರವಿಕೀರ್ತಿ ಎರಡು ಲೆಕ್ಕ ಕೊಡುತ್ತಾನೆ. ಮಹಾಭಾರತ ಯುದ್ಧ ಮುಗಿದು 3735 ವರ್ಷ, ಶಕರ ಕಾಲದಲ್ಲಿ 556 ವರ್ಷ. ಎರಡೂ ಬಂದು 634ರಲ್ಲಿ ಕೂಡುತ್ತವೆ. ಒಂದೇ ಕಲ್ಲಿನಲ್ಲಿ ಎರಡು ಕಾಲ, ಒಂದಕ್ಕೊಂದು ಸಾಕ್ಷಿ. ಹಲ್ಮಿಡಿಯ ಕಲ್ಲಿನಲ್ಲಿ ವರ್ಷವೇ ಇಲ್ಲ. ಸುಮಾರು 450 ಅನ್ನುವುದು ಲಿಪಿ ಮತ್ತು ಹೆಸರುಗಳನ್ನು ನೋಡಿ ಹೇಳಿದ್ದು.

ಆಮೇಲೆ ಮಾಸ್ತರು ಹೇಳಿದ ಒಂದು ವಿಷಯ ನನ್ನನ್ನು ಅಲ್ಲಾಡಿಸಿತು. ಕಲ್ಯಾಣದ ಚಾಲುಕ್ಯರ ಆರನೆಯ ವಿಕ್ರಮಾದಿತ್ಯ 1076ರಲ್ಲಿ ಪಟ್ಟಕ್ಕೆ ಬಂದಾಗ ಶಕವರ್ಷವನ್ನು ಬದಿಗಿಟ್ಟು ತನ್ನದೇ ಹೊಸ ಎಣಿಕೆ ಶುರು ಮಾಡಿದ. ಚಾಲುಕ್ಯ ವಿಕ್ರಮ ವರ್ಷ. ಕಾಲವನ್ನೇ ಒಂದರಿಂದ ಮತ್ತೆ ಎಣಿಸಲು ಹೇಳಿದ. ಅವನ ನಾಡಿನ ಊರೂರಿನ ಕಲ್ಲುಗಳು ಆ ಎಣಿಕೆ ಹಿಡಿದವು. ಹಾನಗಲ್ ಸೀಮೆಯಲ್ಲೂ ಹಿಡಿದವು. ಅವನ ವಂಶ ಹೋದ ಮೇಲೆ ಆ ಎಣಿಕೆಯೂ ನಿಂತಿತು. ಶಕವರ್ಷ ಇವತ್ತಿಗೂ ನಮ್ಮ ಪಂಚಾಂಗದಲ್ಲಿ ಇದೆ, ಚಾಲುಕ್ಯ ವಿಕ್ರಮ ವರ್ಷ ಕಲ್ಲಿನಲ್ಲಿ ಮಾತ್ರ. ಕಳೆದುಹೋದ ಕಾಲರೇಖೆ ಅಂತ ನಾನು ಕಲ್ಪನೆ ಮಾಡಿಕೊಂಡು ಬರೆಯುತ್ತಿದ್ದೆ. ಅದು ನಮ್ಮ ಅಜ್ಜಿಯ ಊರಿನ ಸುತ್ತಮುತ್ತಲೇ ಕಲ್ಲಾಗಿ ನಿಂತಿತ್ತು.

ಬೆಂಗಳೂರಿಗೆ ಬಂದು ಕಥೆಯನ್ನು ಮೊದಲಿನಿಂದ ಬರೆದೆ. ಕಥೆಯಲ್ಲಿ ಒಂದು ಕಲ್ಲು ಬೇಕಿತ್ತು. ಅದು ನಾನೇ ಹುಟ್ಟಿಸಿದ ಕಲ್ಲು, ಎಲ್ಲೂ ಇಲ್ಲ. ಆದರೆ ಲೆಕ್ಕ ಸರಿ ಇರಬೇಕು ಅಂತ ಹಟ ಹಿಡಿದೆ. ಕಲ್ಲಿನಲ್ಲಿ 'ಸಕವರಿಸ 10' ಅಂತ ಇದೆ, ಮುಂದಿನ ಎರಡು ಅಂಕಿ ಒಡೆದುಹೋಗಿದೆ. ಸಂವತ್ಸರದ ಹೆಸರು ಉಳಿದಿದೆ: ಚಿತ್ರಭಾನು.

ಸಂವತ್ಸರಗಳು ಅರವತ್ತು. ಮುಗಿದ ಮೇಲೆ ಮತ್ತೆ ಮೊದಲಿನಿಂದ. 1942 ಚಿತ್ರಭಾನು, 2002 ಕೂಡ ಚಿತ್ರಭಾನು. ಬರೀ ಹೆಸರಿದ್ದರೆ ಕ್ವಿಟ್ ಇಂಡಿಯಾ ಚಳವಳಿಯ ವರ್ಷವೋ, ಈಚಿನ ವರ್ಷವೋ ಹೇಳಲಾಗದು. ಶಕ ಸಾವಿರದಿಂದ ಸಾವಿರದ ತೊಂಬತ್ತೊಂಬತ್ತರ ಒಳಗೆ ಚಿತ್ರಭಾನು ಎರಡು ಸಲ ಬರುತ್ತದೆ. ಶಕ 1024, ಶಕ 1084. ನಮ್ಮ ಲೆಕ್ಕದಲ್ಲಿ 1102 ಮತ್ತು 1162.

ಈ ಎರಡು ವರ್ಷ ಕಾಗದದ ಮೇಲೆ ಬಂದಾಗ ನಾನು ಕುರ್ಚಿಯಿಂದ ಎದ್ದು ನಿಂತೆ. 1102 ಅಂದರೆ ವಿಕ್ರಮಾದಿತ್ಯನ ಗಟ್ಟಿ ಆಳ್ವಿಕೆಯ ಕಾಲ. 1162 ಅಂದರೆ ಬಿಜ್ಜಳ ಕಲ್ಯಾಣವನ್ನು ಕೈವಶ ಮಾಡಿಕೊಂಡಿದ್ದ ಕಾಲ, ಬಸವಣ್ಣನವರು ಅಲ್ಲಿದ್ದ ಕಾಲ. ನನ್ನ ವೀರ ಯಾವ ಕಾಲದಲ್ಲಿ ಸತ್ತ? ಅವನ ಹೆಂಡತಿ ಯಾರ ವಚನ ಕೇಳಿದಳು, ಅಥವಾ ಕೇಳಲೇ ಇಲ್ಲವಾ? ಅರವತ್ತು ವರ್ಷದ ಅಂತರದಲ್ಲಿ ಲಿಪಿ ಅಷ್ಟು ಬದಲಾಗುವುದಿಲ್ಲ. ಅಕ್ಷರ ನೋಡಿ ಹೇಳಲು ಬರುವುದಿಲ್ಲ.

ಮಾಸ್ತರಿಗೆ ಫೋನ್ ಮಾಡಿದೆ. ಕಥೆಯ ಕಲ್ಲಾದರೂ ನಿಜದ ಕಲ್ಲಿನಷ್ಟೇ ಗಮನ ಕೊಟ್ಟು ಕೇಳಿದರು. "ತಿಥಿ ಐತೇನು? ವಾರ ಐತೇನು?" ತಿಥಿಯ ಜೊತೆ ವಾರ ಇದ್ದರೆ ಇಂಥ ಗಂಟು ಸಾಮಾನ್ಯವಾಗಿ ಬಿಚ್ಚುತ್ತದೆ. ಯಾವ ವರ್ಷ ಆ ತಿಥಿ ಆ ವಾರ ಬಂತು ಅಂತ ನೋಡಲು ಎಲ್.ಡಿ. ಸ್ವಾಮಿಕಣ್ಣು ಪಿಳ್ಳೈ ಅವರ ಕೋಷ್ಟಕಗಳಿವೆ. 1922ರಲ್ಲಿ ಬಂದವು, ಏಳು ಸಂಪುಟ. ಗ್ರಹಣದ ದಿನ ಕೊಟ್ಟ ದಾನವಾದರೆ ಇನ್ನೂ ಒಳ್ಳೆಯದು, ಆಕಾಶವೇ ಸಾಕ್ಷಿ. ನನ್ನ ಮೊದಲ ಕರಡಿನಲ್ಲಿ ವಾರ ಇತ್ತು. ಅದನ್ನು ಅಳಿಸಿದೆ. ಕಥೆಗೆ ಗಂಟು ಬಿಚ್ಚುವುದು ಬೇಡವಾಗಿತ್ತು.

"ಹಂಗಾರ ಕೇಳು" ಅಂದರು. "1102ರಾಗ ನಮ್ಮ ಸೀಮಿಯಾಗ ವಿಕ್ರಮ ವರ್ಷ ನಡದಿತ್ತು. ಅವನ 27ನೇ ವರ್ಷ ಅದು. ಅವನ ನಾಡಿನಾಗ ಕಲ್ಲು ನಿಲ್ಲಿಸಾವ ಶಕವರ್ಷ ಬರಿಯೂದು ಕಡಿಮಿ. ನಿನ್ನ ಕಲ್ಲಿನಾಗ ಶಕವರ್ಷ ಐತಿ. ಅಂದ್ರ 1162ರ ಕಡೆ ವಾಲತೈತಿ." ಸ್ವಲ್ಪ ಸುಮ್ಮನಿದ್ದು, "ವಾಲತೈತಿ ಅಂತ ಬರಿ ತಂಗೀ. ಆತು ಅಂತ ಬರೀಬ್ಯಾಡ" ಅಂದರು.

ಕಥೆಯಲ್ಲಿ ಮಠ ಇಬ್ಭಾಗ ಆಗುವುದು ಇದೇ ಕಲ್ಲಿನ ಮುಂದೆ. ಒಬ್ಬ ಹುಡುಗ ಇದ್ದಾನೆ, ತುಂಬಾ ಜಾಣ. ಎರಡು ಕಾಲದ ಭಾರ ಅವನಿಂದ ತಡೆಯಲು ಆಗುವುದಿಲ್ಲ. ಅವನು ಒಂದು ತಾಮ್ರಪಟ ಕೆತ್ತಿ ನೆಲದಲ್ಲಿ ಹೂಳುತ್ತಾನೆ, ಆಮೇಲೆ ತಾನೇ ಅಗೆದು ತೆಗೆಯುತ್ತಾನೆ. ಅದರಲ್ಲಿ ವರ್ಷ ಪೂರ್ತಿ ಇರುತ್ತದೆ. ಇದನ್ನು ನಾನು ಗಾಳಿಯಿಂದ ತರಲಿಲ್ಲ. ಗಂಗರ ಹೆಸರಿನ ತಾಮ್ರಪಟಗಳಲ್ಲಿ ಹಲವು ಆಮೇಲೆ ಯಾರೋ ಮಾಡಿದ ಖೊಟ್ಟಿ ಅಂತ ಶಾಸನತಜ್ಞ ಜೆ.ಎಫ್. ಫ್ಲೀಟ್ ವಾದಿಸಿದರು, ರೈಸ್ ಒಪ್ಪಲಿಲ್ಲ. ಇಬ್ಬರ ನಡುವೆ ಈ ಬಗ್ಗೆ ದೊಡ್ಡ ಚರ್ಚೆಯೇ ನಡೆಯಿತು. ಖೊಟ್ಟಿ ಪಟ ಮಾಡುವವನು ಸಾಮಾನ್ಯವಾಗಿ ಒಂದು ಹೊಲದ ಹಕ್ಕಿಗಾಗಿ ಮಾಡುತ್ತಾನೆ. ಆದರೆ ಅದರಿಂದ ಇಲ್ಲದ ರಾಜರು ಹುಟ್ಟುತ್ತಾರೆ, ಇದ್ದ ರಾಜರು ನೂರು ವರ್ಷ ಹಿಂದೆ ಸರಿಯುತ್ತಾರೆ. ನನ್ನ ಹುಡುಗ ಹೊಲಕ್ಕಾಗಿ ಮಾಡುವುದಿಲ್ಲ. ನೆಮ್ಮದಿಗಾಗಿ ಮಾಡುತ್ತಾನೆ. ಅವನ ಮೇಲೆ ನನಗೆ ಸಿಟ್ಟು ಬರುವುದಿಲ್ಲ. ಆ ಮೂರು ಚುಕ್ಕಿಗಳ ಮುಂದೆ ನನ್ನ ಕೈಯೂ ಪೆನ್ನು ಹಿಡಿದು ಕಾಯುತ್ತಿತ್ತು.

ಹಾಗಂತ ಕಾಲರೇಖೆ ಬದಲಾಗಬಾರದು ಅಂತಲ್ಲ. ಬೇಗೂರಿನ ನಾಗೇಶ್ವರ ದೇವಸ್ಥಾನದ ಕಲ್ಲು ಓದುವವರೆಗೆ ಬೆಂಗಳೂರಿನ ಹೆಸರು ಬೆಂದಕಾಳಿನಿಂದ ಬಂತು ಅನ್ನುವ ಹೊಯ್ಸಳರ ಕಾಲದ ಕಥೆಯೇ ದಾರಿ. ಸುಮಾರು 890ರ ಆ ವೀರಗಲ್ಲು ಬೆಂಗಳೂರು ಕಾಳಗದಲ್ಲಿ ಸತ್ತವರ ಮಾತು ಹೇಳುತ್ತದೆ. ಹೆಸರು ಒಂದೇ ಕಲ್ಲಿನಿಂದ ಹೊಯ್ಸಳರಿಗಿಂತ ಹಿಂದಕ್ಕೆ ಹೋಯಿತು. ಬೇಳೆಕಾಳಿನ ಕಥೆ ನನಗೆ ಇಷ್ಟ, ಮಕ್ಕಳಿಗೆ ಈಗಲೂ ಹೇಳುತ್ತೇನೆ. ಆದರೆ ಅದು 'ಊರವರು ಹೇಳುವುದು' ಹಾಳೆಗೆ ಸೇರಿದ್ದು.

ಮಠಕ್ಕೆ ಹೆಸರು ಹುಡುಕುತ್ತಾ ಎಷ್ಟೋ ದೊಡ್ಡ ದೊಡ್ಡ ಪದ ಬರೆದು ಹೊಡೆದುಹಾಕಿದ್ದೆ. ಹನುಮಪ್ಪನ ಗುಡಿಯ ಹತ್ತಿರ ಅವತ್ತು ಒಬ್ಬ ಹುಡುಗ ನಮ್ಮನ್ನು ನೋಡಿ ಮನೆಯ ಕಡೆ ಓಡುತ್ತಾ ಕೂಗಿದ್ದ: "ಅವ್ವಾ, ಅಚ್ಚಿನವರು ಬಂದಾರ!" ಈಗ ಕಥೆಯಲ್ಲಿ ಅವರಿಗೆ ಅದೇ ಹೆಸರು. ಅಚ್ಚಿನವರು. ಅಂಗೈ ಕಪ್ಪಗಿದ್ದರೆ ಅಚ್ಚಿನವರು ಅಂತ ಊರು ಗುರುತು ಹಿಡಿಯುತ್ತದೆ. ಬೇರೆ ಗುರುತು, ಬಟ್ಟೆಯ ಬಣ್ಣ, ಏನೂ ಇಲ್ಲ. ಶಕ್ತಿಯೂ ಇಲ್ಲ. ಹತ್ತು ವರ್ಷ ಕಲಿಯುವುದು ಯಾಕೆ ಅಂತ ಈಗ ಗೆಳತಿ ಕೇಳುವುದಿಲ್ಲ. ಒದ್ದೆ ಕಾಗದದ ಹದ ಕಲಿಯಲಿಕ್ಕೇ ಎರಡು ವರ್ಷ ಬೇಕು.

ಹೋದ ತಿಂಗಳು ಊರಿಗೆ ಹೋಗಿ ಮಾಸ್ತರಿಗೆ ಕಥೆ ಓದಿ ಹೇಳಿದೆ. ಅವರ ಕಣ್ಣು ಈಗ ಮಂಜಾಗಿದೆ. ಪಡಸಾಲೆಯಲ್ಲಿ ಕೂತು ಎರಡು ಮಧ್ಯಾಹ್ನ ಕೇಳಿದರು. ನಡುವೆ ಒಂದೆರಡು ಕಡೆ ತಡೆದು ತಿದ್ದಿದರು. ಮಸಿಗೆ ಗೋಂದು ಜಾಸ್ತಿ ಆಯ್ತು ಅಂತ, ಆ ಹಂಗಾಮಿನಲ್ಲಿ ಬೇವು ಎಲೆ ಉದುರಿಸುವುದಿಲ್ಲ ಅಂತ. ಮುಗಿದ ಮೇಲೆ ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ ಮೆಲ್ಲಗೆ, ಮನೆಯವರಿಗೆ ಕೇಳಿಸದ ಹಾಗೆ ಕೇಳಿದರು:

"ತಂಗೀ, ನಿನ್ನ ಮನಸಿನಾಗ ಯಾವ ವರ್ಷ? 1102ನೋ, 1162ನೋ?"

"ಕಲ್ಲು ಒಡದೈತ್ರಿ ಮಾಸ್ತರ್ರೇ" ಅಂದೆ.

ಅವರು ತಲೆಯಾಡಿಸಿದರು. ಆಮೇಲೆ ಟ್ರಂಕಿನ ಕಡೆ ಕೈ ತೋರಿಸಿ, ಮೇಲಿನ ಸುರುಳಿ ತೆಗೆಯಲು ಹೇಳಿದರು. ಅದರ ಹಿಂದೆ ಊರಿನ ಹೆಸರು ಬರೆಯುವುದು ಬಾಕಿ ಇತ್ತು.